ಬೇರೆಯವರ ದನಿ

ಅವನ ಸಿನಿಮಾ ಶುರುವಾದರೆ ಸಾಕು, ಜನ ಮುಸಿಮುಸಿ ನಗುತ್ತಿದ್ದರು. ಕಥೆ ಅವನದು, ಕ್ಯಾಮೆರಾ ಅವನದು, ಸಂಕಲನವೂ ಅವನದೇ. ಪೋಸ್ಟ್‌ಮ್ಯಾನ್ ಪಾತ್ರದವನು ಕೈಕೊಟ್ಟರೆ ಚೀಲ ಹೆಗಲಿಗೇರಿಸಿ ಬರುವವನೂ ಅವನೇ. ಡಬ್ಬಿಂಗಿನಲ್ಲಿ ನಾಯಿಯಾಗಿ ಬೊಗಳಿದವನೂ ಅವನೇ. "ಟಿಕೆಟ್ ಹರಿಯೋದೂ ಇವನೇನಾ?" ಎಂದು ಯಾರೋ ಕೂಗಿದ್ದುಂಟು. ಅದನ್ನೂ ಹರಿದಿದ್ದ ಮಹಾರಾಯ!

ತಾಯಿಯ ಪಾತ್ರಕ್ಕೆ ಮಾತ್ರ ಸ್ವಂತ ಅಮ್ಮ. ಕ್ಯಾಮೆರಾ ಹಿಡಿದವನಿಗೆ ಮೈಕನ್ನೂ ನೋಡಿಕೊಳ್ಳಲಾದೀತೇ? ಶಬ್ದವಿಲ್ಲದೆ ಚಿತ್ರೀಕರಿಸಿ, ಮಾತನ್ನು ಆಮೇಲೆ ಸ್ಟುಡಿಯೋದಲ್ಲಿ ಸೇರಿಸುತ್ತಿದ್ದ. ಅಮ್ಮನದು ಒಡಕು ದನಿ ಎಂದು ಪ್ರತಿ ಸಲವೂ ಬೇರೊಬ್ಬ ಕಲಾವಿದೆಯಿಂದ ಮಾತಾಡಿಸುತ್ತಿದ್ದ. "ಅಯ್ಯೋ, ನಾನು ಇಷ್ಟು ಚೆನ್ನಾಗಿ ಮಾತಾಡ್ತೀನಾ!" ಎಂದು ಅವಳು ಚಿತ್ರಮಂದಿರದಲ್ಲಿ ಬಾಯಿಗೆ ಕೈಯಿಟ್ಟು ನಗುತ್ತಿದ್ದಳು. ಅವನೂ ನಗುತ್ತಿದ್ದ.

ಈಗ ಗಂಟಲಿನ ಆಪರೇಷನ್ ಆಗಿ ಅವಳ ದನಿಯೇ ಹೋಗಿತ್ತು. ಆಸ್ಪತ್ರೆಯಿಂದ ಬಂದ ಮೇಲೆ ಅವಳು ಮಗಳಿಗೆ ಸನ್ನೆಯಲ್ಲಿ ಒಂದೇ ಒಂದು ಆಸೆ ಹೇಳಿಕೊಂಡಳು. ತಂಗಿ ಎಡಿಟಿಂಗ್ ಕೋಣೆಗೆ ಬಂದು ನಿಂತಳು.

"ಅಣ್ಣಾ, ಅಮ್ಮಂಗೆ ತನ್ನ ದನಿ ಒಂದ್ಸಲ ಕೇಳ್ಬೇಕಂತೆ. ಇಷ್ಟು ಸಿನಿಮಾ ಮಾಡಿದ್ದೀಯಲ್ಲ, ಯಾವುದ್ರಲ್ಲಾದ್ರೂ ಇರುತ್ತೆ ಅಲ್ವಾ?"

ಅವನು ಇದ್ದಬದ್ದ ಹಾರ್ಡ್‌ಡಿಸ್ಕುಗಳನ್ನೆಲ್ಲ ತಡಕಾಡಿದ. ಪರದೆಯ ಮೇಲೆ ಅಮ್ಮ ಬೈಯುತ್ತಾಳೆ, ಅಳುತ್ತಾಳೆ, ಬಾಗಿಲಲ್ಲಿ ನಿಂತು ಮಗನನ್ನು ಕರೆಯುತ್ತಾಳೆ. ತುಟಿ ಅವಳದು, ದನಿ ಬೇರೆಯವರದು. ನಾಯಿಗೂ ದನಿ ಕೊಟ್ಟವನು ಹೆತ್ತವಳದನ್ನು ಹಿಡಿದಿಡಲಿಲ್ಲವಲ್ಲ! ಥೂ, ನನ್ನ ಜನ್ಮಕ್ಕಿಷ್ಟು ಬೆಂಕಿ ಹಾಕ ಎಂದು ತಲೆ ಚಚ್ಚಿಕೊಂಡ.

ಅಂತೂ ಒಂದು ಸಿಕ್ಕಿತು. ಯಾವ ಕಾಲದಲ್ಲೋ ಅಡುಗೆಮನೆಯಲ್ಲಿ ಹೊಸ ಮೈಕ್ ಪರೀಕ್ಷಿಸಿದ್ದ ತುಣುಕು. ಪೂರ್ತಿ ಕೇಳುವಷ್ಟೂ ತಾಳ್ಮೆಯಿಲ್ಲದೆ ಅಮ್ಮನನ್ನು ಕರೆತಂದು ಪಕ್ಕದಲ್ಲಿ ಕೂರಿಸಿ ಹಾಕಿದ.

ಮೊದಲು ಪಾತ್ರೆಗಳ ಸದ್ದು. ಆಮೇಲೆ ಅವಳ ಒಡಕು ದನಿ.

"ಈ ಸಲ ನಾನೇ ಮಾತಾಡ್ಲೇನೋ ಮಗಾ? ಎಲ್ಲಾ ಬಾಯಿಪಾಠ ಮಾಡ್ಕೊಂಡಿದ್ದೀನಿ, ಬೇಕಾದ್ರೆ..."

ಅದರ ಮೇಲೆಯೇ ಅವನ ಗಟ್ಟಿ ದನಿ ಬಿತ್ತು. "ಶ್, ಸುಮ್ನಿರಮ್ಮ! ಮೈಕ್ ಆನ್ ಇದೆ!"

ತಂಗಿ ಮುಖ ತಿರುಗಿಸಿಕೊಂಡಳು. ಅವನು ಗಡಿಬಿಡಿಯಲ್ಲಿ ತನ್ನ ಮಾತನ್ನು ಕತ್ತರಿಸಲು ಹೋದ. ಆಗಲಿಲ್ಲ. ಎರಡು ದನಿಯೂ ಒಂದರ ಮೇಲೊಂದು ಬಿದ್ದಿದ್ದವು. ತನ್ನದನ್ನು ತೆಗೆದರೆ ಅವಳದೂ ಹೋಗುತ್ತಿತ್ತು.

ಅಮ್ಮ ಅವನ ಕೈ ಸರಿಸಿ, ಮತ್ತೆ ಮೊದಲಿನಿಂದ ಹಾಕು ಎಂದು ಸನ್ನೆ ಮಾಡಿದಳು.