ಶಾಮಲಾ ಮಾಡಿಸಲು ಹೊರಟ ಕಪ್ಪೆ ಮದುವೆ

೨೦೧೫ರ ಬರ ನೆನಪಿದೆಯಲ್ಲ? ಅಮೆರಿಕದ ಕಾರ್ಲ್ಸ್‌ಬಾಡ್‌ನಲ್ಲಿ ಎಲ್ಲರ ಮನೆ ಮುಂದಿನ ಹುಲ್ಲೂ ಒಣಗಿತ್ತು. ಶಾಮಲಾಗೆ ಅದಕ್ಕಿಂತ ದೊಡ್ಡ ಉರಿ ವತ್ಸಲಾಳದು.

ಆರು ವರ್ಷದಿಂದ ಶಾಮಲಾ ತನ್ನ ಗ್ಯಾರೇಜಿನಲ್ಲಿ ಕನ್ನಡದ ಮಕ್ಕಳಿಗೆ ಚಿತ್ರಕಲೆ ಹೇಳಿಕೊಡುತ್ತಿದ್ದಳು. ಪೋರ್ಟೊ ರಿಕೊ ದ್ವೀಪದ ಶಾಲೆಯಲ್ಲಿ ಕಲೆ ಕಲಿಸಿ ಬಂದ ವತ್ಸಲಾ ಎರಡು ಬೀದಿ ಆಚೆ ಕ್ಲಾಸು ತೆರೆದದ್ದೇ ತಡ, ಹನ್ನೊಂದು ಮಕ್ಕಳಲ್ಲಿ ಏಳು ಅತ್ತ ಹೋದವು. ಆ ದ್ವೀಪದಲ್ಲಿ ಕೊಕಿ ಎಂಬ ಪುಟಾಣಿ ಕಪ್ಪೆಯಂತೆ. ಮಕ್ಕಳು ಅದನ್ನು ಮುಟ್ಟದೆ, ಕೂಗು ಕೇಳಿ, ನೋಡಿ, ಮಣ್ಣಿನಲ್ಲಿ ಮಾಡುತ್ತಿದ್ದರಂತೆ. ಯಾರ ಮನೆಗೆ ಹೋದರೂ ಇದೇ ಮಾತು. ಶಾಮಲಾಳ ಮಗಳು ಸ್ಪಂದನಾಳೇ ಅಲ್ಲಿಗೆ ಸೇರುತ್ತೇನೆಂದು ಕೇಳಿ ಬೈಸಿಕೊಂಡಿದ್ದಳು.

"ಅವಳು ಮಣ್ಣಿನ ಕಪ್ಪೆ ಮಾಡ್ಲಿ, ನಾನು ಜೀವಂತ ಕಪ್ಪೆಗೇ ಮದುವೆ ಮಾಡಿಸ್ತೀನಿ," ಎಂದಳು ಶಾಮಲಾ. ಮಳೆಗಾಗಿ ಅಜ್ಜಿಯ ಊರಲ್ಲಿ ಮಾಡಿಸುತ್ತಿದ್ದುದು ನೆನಪಿತ್ತು. ಯುಗಾದಿಗೆ ಮಕ್ಕಳ ನಾಟಕವೂ ಆದೀತು, ವತ್ಸಲಾಳ ಮುಖವೂ ಸಣ್ಣಗಾದೀತು.

ಹತ್ತಿರದ ಹಳ್ಳದಿಂದ ನೀರಿನ ಸಮೇತ ಸ್ಟೀಲ್ ಡಬ್ಬದಲ್ಲಿ ಎರಡು ಕಪ್ಪೆ ಬಂದವು. ಕಾರ್ಯಕ್ರಮದ ಬೆಳಿಗ್ಗೆ ಅವಕ್ಕೆ ಅರಿಸಿನ ಬಳಿದು, ಕುಂಕುಮವಿಟ್ಟು ತಟ್ಟೆಯಲ್ಲಿ ಕೂರಿಸಿದಳು. ಸ್ವಲ್ಪ ಹೊತ್ತಿಗೆ ಸ್ಪಂದನಾ ಕರೆದಳು: "ಅಮ್ಮಾ, ದೆ ಆರ್ ನಾಟ್ ಮೂವಿಂಗ್."

ಕಪ್ಪೆಯ ವಿಷಯ ಬಲ್ಲವರು ಇನ್ಯಾರಿದ್ದಾರೆ? ಶಾಮಲಾ ಹಲ್ಲು ಕಚ್ಚಿ ಫೋನ್ ಮಾಡಿದಳು. ವತ್ಸಲಾ ಓಡಿಬಂದಳು, ಬೈಯಲಿಲ್ಲ. ಬೈದಿದ್ದರೇ ವಾಸಿಯಿತ್ತು.

"ಹಳ್ಳದ ನೀರು ಉಳಿದಿದೆಯಾ? ಅದರಲ್ಲೇ ತೊಳೀರಿ. ನಲ್ಲಿ ನೀರು ಬೇಡ, ಕ್ಲೋರಿನ್ ಇರತ್ತೆ."

"ಅರಿಸಿನ ತಾನೆ? ನಾವು ಮುಖಕ್ಕೇ ಹಚ್ಕೊಳ್ಳಲ್ವಾ?"

"ಕಪ್ಪೆ ಚರ್ಮದಿಂದಲೂ ಉಸಿರಾಡತ್ತೆ ಶಾಮಲಾ, ನೀರು ಕುಡಿಯೋದೂ ಚರ್ಮದಿಂದಲೇ. ನಮ್ಮ ಕೈಗೆ ಹಚ್ಚಿರೋ ಸನ್‌ಸ್ಕ್ರೀನ್ ಕೂಡ ಅದರ ಮೈಗೆ ಇಳಿಯತ್ತೆ."

ಡಬ್ಬದಲ್ಲಿ ಉಳಿದಿದ್ದ ನೀರಿನಲ್ಲಿ ತೊಳೆದ ಮೇಲೆ ಒಂದು ಕಪ್ಪೆ ಕಾಲು ಆಡಿಸಿತು. ಇನ್ನೊಂದು ಆಡಿಸಲೇ ಇಲ್ಲ. ಬದುಕಿದ್ದನ್ನು ಹಿಡಿದ ಜಾಗದಲ್ಲೇ ಬಿಟ್ಟು ಬಂದರು. ಬೇರೆ ನೀರಿಗೆ ಬಿಟ್ಟರೆ ರೋಗ ಹರಡಬಹುದೆಂದು ವತ್ಸಲಾ ಎಚ್ಚರಿಸಿದಳು. ದಾರಿಯುದ್ದಕ್ಕೂ ಸ್ಪಂದನಾ ಅಮ್ಮನ ಮುಖ ನೋಡಲಿಲ್ಲ.

ಆ ಸಂಜೆ ವೇದಿಕೆಯ ಮೇಲೆ ಮಣ್ಣಿನ ಕಪ್ಪೆಗಳಿಗೆ ಮದುವೆಯಾಯಿತು. ಮಣ್ಣು ವತ್ಸಲಾಳದು, ನಾಟಕ ಶಾಮಲಾಳದು. ಮಳೆಯೇನೂ ಬರಲಿಲ್ಲ.

ಮುಂದಿನ ಶನಿವಾರ ಶಾಮಲಾ ತಾನೇ ಮಗಳನ್ನು ವತ್ಸಲಾಳ ಕ್ಲಾಸಿಗೆ ಸೇರಿಸಿದಳು. ಈಗ ಎರಡೂ ಕ್ಲಾಸಿನ ಮಕ್ಕಳು ಒಟ್ಟಿಗೆ ಹಳ್ಳದ ದಂಡೆಯಲ್ಲಿ ಸದ್ದಿಲ್ಲದೆ ಕೂತು ಕಪ್ಪೆಯ ಚಿತ್ರ ಬರೆಯುತ್ತಾರೆ. ಶಾಮಲಾಳೂ ಬರೆಯುತ್ತಾಳೆ, ವತ್ಸಲಾ ಬರೆದದ್ದಕ್ಕಿಂತ ಒಂದು ಬೆರಳು ದೊಡ್ಡದಾಗಿ.

ನಿಮ್ಮ ಮನೆಯ ಹತ್ತಿರವೂ ಒಂದು ಹಳ್ಳವಿದ್ದೀತು. ಮಕ್ಕಳನ್ನು ಕರೆದೊಯ್ಯಿರಿ. ಕೈಗೆ ಡಬ್ಬ ಬೇಡ, ಪೆನ್ಸಿಲ್ ಕೊಡಿ. ಕಪ್ಪೆ ಅಲ್ಲೇ ಇರಲಿ, ಚಿತ್ರ ಮನೆಗೆ ಬರಲಿ.