ಸೇಬಿನ ಸುರುಳಿ

ಬೇಕರಿಯಲ್ಲಿ ಎಲ್ಲರೂ ಅವನನ್ನು ದೊಡ್ಡ ಯಜಮಾನ ಅಂತ ಕರೆಯುತ್ತಿದ್ದರು, ಅವನ ತಮ್ಮನನ್ನು ಚಿಕ್ಕ ಯಜಮಾನ ಅಂತ. ಗಿರಾಕಿ, ವ್ಯಾನು, ಬ್ಯಾಂಕಿನ ಓಡಾಟ ಚಿಕ್ಕವನದು. ಹಿಟ್ಟು ಮತ್ತು ಭಟ್ಟಿ ದೊಡ್ಡವನದು. ದೊಡ್ಡ ಯಜಮಾನನ ಮೂಗು ಇಡೀ ಬೀದಿಗೆ ಗೊತ್ತಿತ್ತು. ಅಂಗಡಿಯ ಮುಂದೆ ಯಾರ ಜೊತೆಗೋ ಹರಟುತ್ತ ನಿಂತವನು ಮಾತನ್ನು ಅರ್ಧಕ್ಕೇ ಬಿಟ್ಟು, "ಏಯ್, ಎಡಗಡೆ ಟ್ರೇ ತೆಗೀರೋ" ಅಂತ ಒಳಗೆ ಕೂಗುತ್ತಿದ್ದ. ತೆಗೆದು ನೋಡಿದರೆ ಬ್ರೆಡ್ಡು ಆಗಷ್ಟೇ ಹದಕ್ಕೆ ಬಂದಿರುತ್ತಿತ್ತು. ಕಲಸಿಟ್ಟ ಹಿಟ್ಟಿನ ಮೇಲಿನ ಒದ್ದೆ ಬಟ್ಟೆ ಸರಿಸಿ ಒಂದು ಸಲ ಮೂಸಿದರೆ ಸಾಕು, ಹುಳಿ ಎಷ್ಟು ಏರಿದೆ, ಇನ್ನೆಷ್ಟು ಹೊತ್ತು ಬಿಡಬೇಕು ಅಂತ ಹೇಳಿಬಿಡುತ್ತಿದ್ದ. ಅದರ ಜಂಬವೂ ಸ್ವಲ್ಪ ಇತ್ತೆನ್ನಿ. ಬೇರೆಯವರ ಬೇಕರಿಯ ಮುಂದೆ ಹಾಯುವಾಗ ಅವನು ಮೂಗು ಮುರಿಯದೆ ಮುಂದೆ ಹೋದದ್ದೇ ಇಲ್ಲ.

ಆ ಮೂಗು ಒಂದು ಜ್ವರದಲ್ಲಿ ಹೋಯಿತು. ಜ್ವರ ಇಳಿಯಿತು, ಮೈಕೈ ನೋವು ಬಿಟ್ಟಿತು, ವಾಸನೆ ಮಾತ್ರ ವಾಪಸು ಬರಲಿಲ್ಲ. ನಾಲಿಗೆಗೆ ಸಿಹಿ, ಉಪ್ಪು, ಹುಳಿ, ಕಹಿ ಇಷ್ಟು ತಿಳಿಯುತ್ತಿತ್ತು. ಅದರಾಚೆ ಬ್ರೆಡ್ಡೂ ಒಂದೇ, ರಟ್ಟೂ ಒಂದೇ. ಮೊದಮೊದಲು ಅವನು ಯಾರಿಗೂ ಹೇಳಲಿಲ್ಲ. ಎಂದಿನಂತೆ ಬಟ್ಟೆ ಸರಿಸುವುದು, ಮೂಸುವುದು, ಗಂಭೀರವಾಗಿ ತಲೆಯಾಡಿಸಿ ಬಾಯಿಗೆ ಬಂದದ್ದು ಹೇಳುವುದು. ಹಾಗೇ ಕೆಲವು ದಿನ ತಳ್ಳಿದ. ಹಿಟ್ಟು ಹುಳಿತು ಹೋಯಿತು, ಬನ್ನು ಟ್ರೇಗಟ್ಟಲೆ ಕರಕಲಾಯಿತು, ಶಾಲೆಯೊಂದಕ್ಕೆ ಕಳಿಸಿದ್ದ ಕೇಕು ಹೋದ ವ್ಯಾನಿನಲ್ಲೇ ತಿರುಗಿ ಬಂತು. ಆಗ ತಮ್ಮ ಪಕ್ಕಕ್ಕೆ ಕರೆದು ಕೇಳಿದ, ಅಣ್ಣ ಬಾಯಿಬಿಟ್ಟ.

"ಸ್ವಲ್ಪ ದಿನ ಮನೇಲಿ ಸುಧಾರಿಸ್ಕೋ ಅಣ್ಣ. ಭಟ್ಟಿ ಎಲ್ಲಿಗೆ ಹೋಗುತ್ತೆ? ಮೂಗು ಬಂದ ಮೇಲೆ ನೀನೂ ಬಾ" ಅಂದ ತಮ್ಮ.

ಭಟ್ಟಿ ಎಲ್ಲಿಗೂ ಹೋಗಲಿಲ್ಲ, ಆದರೆ ಆರಿತು. ಅಣ್ಣನಿಲ್ಲದೆ ಅದನ್ನು ನೆಚ್ಚಿ ಕೂರುವಂತಿಲ್ಲ ಅಂತ ತಮ್ಮ ಒಂದು ಮೆಷಿನ್ ತರಿಸಿದ. ಒಂದು ಕಡೆ ಗೋಧಿಹಿಟ್ಟು ಸುರಿದರೆ ಇನ್ನೊಂದು ಕಡೆಯಿಂದ ಟೋರ್ಟಿಯಾ ಅನ್ನುವ ತೆಳ್ಳನೆಯ ದುಂಡು ರೊಟ್ಟಿಗಳು ಒಂದರ ಮೇಲೊಂದು ಬೀಳುತ್ತಿದ್ದವು. ಹೋಟೆಲಿನವರು ಅವನ್ನು ಕೊಂಡು ಒಳಗೆ ಏನೇನೋ ಸುತ್ತಿ ಮಾರುತ್ತಿದ್ದರು. ವ್ಯಾಪಾರ ಕುದುರಿತು. ಅಂಚು ಹರಿದ, ಆಕಾರ ಕೆಟ್ಟ ಟೋರ್ಟಿಯಾಗಳ ಒಂದು ಕಟ್ಟು ಆಗಾಗ ಅಣ್ಣನ ಮನೆಗೂ ಬರುತ್ತಿತ್ತು. ದೊಡ್ಡ ಯಜಮಾನ ಅದನ್ನು ಮುಟ್ಟುತ್ತಿರಲಿಲ್ಲ. "ಹುಳಿಯಿಲ್ಲ, ಉಬ್ಬಿಲ್ಲ. ಇದೂ ಒಂದು ಬೇಕರಿ ಮಾಲಾ" ಅನ್ನುತ್ತಿದ್ದ.

ಕಿವಿ-ಮೂಗಿನ ಡಾಕ್ಟರು, ಬಂದರೂ ಬರಬಹುದು, ಬರದೆಯೂ ಇರಬಹುದು ಅಂದಿದ್ದರು. ಬೆಳಿಗ್ಗೆ ಸಂಜೆ ಲವಂಗ, ನಿಂಬೆಸಿಪ್ಪೆ, ಕಾಫಿಪುಡಿ ಒಂದೊಂದಾಗಿ ಮೂಸಿ ಅಭ್ಯಾಸ ಮಾಡಿ ಅಂತಲೂ ಹೇಳಿದ್ದರು. ಅವನು ಕಿಟಕಿಯ ಪಕ್ಕ ಕೂತು, ಕಣ್ಣು ಮುಚ್ಚಿ, ಡಬ್ಬಿಗಳನ್ನು ಮೂಗಿಗೆ ಹಿಡಿಯುತ್ತಿದ್ದ. ಹೆಂಡತಿ ಪಕ್ಕದ ಕೋಣೆಯಲ್ಲಿ ಹೊಲಿಗೆ ಮೆಷಿನ್ ತುಳಿಯುತ್ತ ಅತ್ತ ನೋಡದ ಹಾಗೆ ನೋಡುತ್ತಿದ್ದಳು. ವಾಸನೆ ಬಂತಾ ಅಂತ ಕೇಳುವುದನ್ನು ಅವಳು ಎಂದೋ ಬಿಟ್ಟಿದ್ದಳು.

ಹೀಗಿರುವಾಗ ಒಂದು ದಿನ ಬೇಕರಿಯ ವ್ಯಾನ್ ಡ್ರೈವರು ಟೋರ್ಟಿಯಾ ಕಟ್ಟು ಕೊಡಲು ಬಂದವನು ಬಾಗಿಲಲ್ಲೇ ನಿಂತು, "ಎರಡನೇ ಮೆಷಿನ್ ಬರ್ತಾ ಇದೆ ಯಜಮಾನ್ರೇ. ಜಾಗ ಸಾಲ್ತಿಲ್ಲ, ಭಟ್ಟಿ ಒಡೆಸ್ತಾರಂತೆ" ಅಂದ. ಅವನಿಗೆ ಇದು ಮನೆಯಲ್ಲಿ ಗೊತ್ತಿರುವ ವಿಷಯ ಅನ್ನುವ ಭಾವನೆ.

ದೊಡ್ಡ ಯಜಮಾನ ಆಗಲೇ ತಮ್ಮನಿಗೆ ಫೋನ್ ಮಾಡಿದ. ಭಟ್ಟಿಯ ಮಾತೇ ಎತ್ತಲಿಲ್ಲ. "ಮೂಗು ಬಂತು ಕಣೋ" ಅಂದ. "ಭಾನುವಾರ ನೀವಿಬ್ಬರೂ ಬನ್ನಿ. ನನ್ನ ಕೈಯಾರೆ ಏನಾದ್ರೂ ಮಾಡಿ ತಿನ್ನಿಸ್ತೀನಿ."

ಹೊಲಿಗೆ ಮೆಷಿನ್ನಿನ ಸದ್ದು ನಿಂತಿತು. "ನಿಜವಾಗ್ಲೂ ಬಂತೇನ್ರೀ?" ಅಂತ ಹೆಂಡತಿ ಕೇಳಿದಳು.

"ಬಂತು ಅಂದ್ನಲ್ಲ."

ಭಾನುವಾರ ಬಂತು. ಬ್ರೆಡ್ಡು ಮಾಡುವಂತಿರಲಿಲ್ಲ, ಹುಳಿಗೆ ಮೂಗು ಬೇಕು. ಕೇಕಿಗೆ ಧೈರ್ಯ ಸಾಲದು. ಕಣ್ಣು, ಕಿವಿ, ಬೆರಳು ಇಷ್ಟರಲ್ಲೇ ಮುಗಿಯುವಂಥದ್ದು ಬೇಕಿತ್ತು. ಕೊನೆಗೆ ತಾನು ಅಷ್ಟು ದಿನ ಹೀಗಳೆದ ಟೋರ್ಟಿಯಾ ಕಟ್ಟನ್ನೇ ಫ್ರಿಜ್ಜಿನಿಂದ ತೆಗೆದ. ಸೇಬು ತುಂಬಿ ಸುತ್ತಿ, ಮೇಲೆ ಪಾಕ ಹೊಯ್ದು ಬೇಯಿಸಿದರಾಯಿತು. ಮಕ್ಕಳಾಟದಂಥ ತಿನಿಸು. ಆದರೆ ಮಕ್ಕಳಾಟವನ್ನೂ ಅವನು ದೊಡ್ಡ ಆರ್ಡರಿನ ಹಾಗೆ ಮಾಡಿದ. ಸೇಬಿನ ಸಿಪ್ಪೆ ತೆಗೆದು ಒಂದೇ ದಪ್ಪಕ್ಕೆ ಹೆಚ್ಚಿದ. ಬೆಣ್ಣೆ, ಸಕ್ಕರೆ, ಚಕ್ಕೆಪುಡಿ ಹಾಕಿ ಬಾಡಿಸಿದ. ಚಾಕುವಿನ ತುದಿ ಸಲೀಸಾಗಿ ಇಳಿಯಿತು, ಹೋಳು ಮುರಿಯಲಿಲ್ಲ; ಇಳಿಸಿದ. ಟೋರ್ಟಿಯಾಗಳನ್ನು ಕಾವಲಿಯ ಮೇಲೆ ತುಸು ಬೆಚ್ಚಗೆ ಮಾಡಿ, ಮೆತ್ತಗಾದ ಮೇಲೆ ಒಂದೊಂದರ ಮಧ್ಯೆ ಸೇಬು ಇಟ್ಟು ಸುರುಳಿ ಸುತ್ತಿದ. ಮಡಿಕೆ ಕೆಳಗೆ ಬರುವಂತೆ ಟ್ರೇಯಲ್ಲಿ ಒತ್ತೊತ್ತಾಗಿ ಜೋಡಿಸಿದ. ಆ ಹೊತ್ತಿನಲ್ಲಿ ಅವನ ಕೈ ಹಳೆಯ ಕೈಯೇ.

ಪಾಕಕ್ಕೆ ಬೆಣ್ಣೆ ಸಾಲಲಿಲ್ಲ. ಹುಡುಕಿದಾಗ ಕಪಾಟಿನೊಳಗೆ ಹಿಂದುಗಡೆ ಒಂದು ಬೆಣ್ಣೆ ಡಬ್ಬಿ ಸಿಕ್ಕಿತು, ಬೇಕರಿಯಿಂದ ಯಾವಾಗಲೋ ತಂದಿಟ್ಟು ಮರೆತದ್ದು. ಮುಚ್ಚಳ ತೆಗೆದ. ಹಳದಿ ಬಣ್ಣ, ಬೂಸ್ಟಿಲ್ಲ. ಅಭ್ಯಾಸಬಲದಿಂದ ಮೂಗಿನ ಹತ್ತಿರ ಹಿಡಿದವನು ತನಗೇ ನಾಚಿಕೆಯಾಗಿ ಇಳಿಸಿದ. ಬೆರಳಿಗೆ ಹಚ್ಚಿ ನೆಕ್ಕಿದ; ಉಪ್ಪುಪ್ಪು. ಸರಿ, ಕರಗಿಸಿ ಸಕ್ಕರೆ ನೀರು ಬೆರೆಸಿ ಕುದಿಸಿ, ಸುರುಳಿಗಳ ಮೇಲೆ ಹೊಯ್ದ. ಅವು ಪಾಕ ಕುಡಿಯುವವರೆಗೆ ಕಾದು ಟ್ರೇಯನ್ನು ಓವನ್ನಿಗೆ ತಳ್ಳಿ, ಬಾಗಿಲಿಗೆ ಕಿವಿಗೊಟ್ಟು ನಿಂತ. ಮೊದಲು ನೀರಿನ ಗುಳುಗುಳು, ಆಮೇಲೆ ಸಕ್ಕರೆಯ ದಪ್ಪ ಚಿಟಪಟ. ಅವನು ಶಿಳ್ಳೆ ಹಾಕತೊಡಗಿದ.

ಹೆಂಡತಿ ಅಡುಗೆಮನೆಯ ಬಾಗಿಲಿಗೆ ಬಂದು ನಿಂತಳು. ಕಟ್ಟೆಯ ಮೇಲಿದ್ದ ಡಬ್ಬಿ ನೋಡಿದಳು, ಗಂಡನ ಮುಖ ನೋಡಿದಳು. ಹೋಗಿ ಕಿಟಕಿಗಳನ್ನೆಲ್ಲ ತೆರೆದಳು.

"ಸೆಕೆ" ಅಂದಳು. ಆಮೇಲೆ ಫೋನ್ ಹಿಡಿದು ಮೆಟ್ಟಿಲಿನ ಕಡೆ ಹೋದಳು.

ತಮ್ಮ, ತಮ್ಮನ ಹೆಂಡತಿ ಬಂದರು. ಟ್ರೇ ಹೊರಬಂತು. ಹೊಂಬಣ್ಣದ ಸುರುಳಿಗಳು, ಅಂಚು ಗರಿಗರಿ, ಮೈಮೇಲೆ ಪಾಕದ ಮಿರುಗು. ನೋಡಲು ಎರಡು ಕಣ್ಣು ಸಾಲದು. ದೊಡ್ಡ ಯಜಮಾನ ತಾನೇ ಎಲ್ಲರ ತಟ್ಟೆಗೂ ಬಡಿಸಿ, ತಾನೂ ಒಂದು ತುಂಡು ಬಾಯಿಗಿಟ್ಟ. ಸಿಹಿ ಸರಿಯಾಗಿತ್ತು. ತಮ್ಮನ ಮುಖವನ್ನೇ ನೋಡುತ್ತ ಕೂತ.

ತಮ್ಮ ನಿಧಾನವಾಗಿ ಅಗಿದು ನುಂಗಿದ. "ಚೆನ್ನಾಗಿದೆ ಅಣ್ಣ" ಅಂದ.

"ಘಮ ಘಮ ಅಂತಿದೆ ಭಾವ" ಅಂದಳು ತಮ್ಮನ ಹೆಂಡತಿ, ನೀರಿನ ಲೋಟ ಎತ್ತಿಕೊಳ್ಳುತ್ತ.

"ಇನ್ನೊಂದು ಹಾಕಲಾ?"

"ಹಾಕು" ಅಂತ ತಮ್ಮ ತಟ್ಟೆ ಮುಂದೆ ಚಾಚಿದ. ಅದನ್ನೂ ತಿಂದ.

ದೊಡ್ಡ ಯಜಮಾನನಿಗೆ ಎದೆ ತುಂಬಿ ಬಂತು. "ಹಾಗಾದ್ರೆ ನಾಳೆಯಿಂದ ಬರ್ತೀನಿ. ಭಟ್ಟಿ ಒಡೆಸೋದು ಬೇಡ. ಎರಡು ದಿನ ಸಣ್ಣಗೆ ಕಾಯಿಸಿದ್ರೆ ತೇವ ಬಿಡುತ್ತೆ."

ತಮ್ಮ ಚಮಚದಿಂದ ತಟ್ಟೆಯ ಪಾಕ ಕೆರೆಯುತ್ತ ಕೂತ. "ಬಾ ಅಣ್ಣ. ನೋಡೋಣ."

ಅಷ್ಟರಲ್ಲಿ ದೊಡ್ಡ ಯಜಮಾನನ ಮಗಳು ಬಂದಳು. ಬಸ್ ನಿಲ್ದಾಣದ ಟಿಕೆಟ್ ಕೌಂಟರಿನಲ್ಲಿ ಅವಳಿಗೆ ಕೆಲಸ; ಬೆಳಗಿನ ಪಾಳಿ ಮುಗಿಸಿ ಹಸಿದು ಬಂದಿದ್ದಳು. ಚಿಕ್ಕಪ್ಪ ಚಿಕ್ಕಮ್ಮನನ್ನು ಮಾತಾಡಿಸುತ್ತಲೇ ಟ್ರೇಯಿಂದ ಒಂದು ಸುರುಳಿ ಎತ್ತಿ ಬಾಯಿಗೆ ತುರುಕಿಕೊಂಡಳು. ತಾಯಿ ಅಡುಗೆಮನೆಯಿಂದ ಓಡಿಬರುವ ಹೊತ್ತಿಗೆ ಅದು ಬಾಯಿಂದ ಹೊರಬಂದು ಅವಳ ಅಂಗೈಯಲ್ಲಿತ್ತು.

"ಥೂ, ಏನಪ್ಪಾ ಇದು? ಬೆಣ್ಣೆ ಕಮಟು ಹೊಡೀತಿದೆ. ಬಾಗಿಲಲ್ಲೇ ನಾತ ಬಂತು, ಹೊರಗಡೆ ಚರಂಡಿದು ಅಂದ್ಕೊಂಡೆ."

ಅವಳು ಒಬ್ಬೊಬ್ಬರ ಮುಖ ನೋಡಿದಳು, ಖಾಲಿ ತಟ್ಟೆಗಳನ್ನು ನೋಡಿದಳು, ತಾಯಿಯನ್ನು ನೋಡಿದಳು. ಆಮೇಲೆ ಅರ್ಥವಾಗಿ ಅವಳ ಮುಖ ಇಳಿಯಿತು.

"ಕಮಟಾ?" ಅಂತ ದೊಡ್ಡ ಯಜಮಾನ ತಮ್ಮನನ್ನು ಕೇಳಿದ.

"ಸ್ವಲ್ಪ ಅಣ್ಣ. ಅಂಥಾದ್ದೇನಿಲ್ಲ."

"ಎರಡು ತಿಂದೆಯಲ್ಲೋ."

"ಅತ್ತಿಗೆ ಫೋನ್ ಮಾಡಿದ್ರು. ನಿನ್ನ ಮನಸ್ಸು ನೋಯಿಸೋದು ಬೇಡ ಅಂತ..."

"ನಾಳೆ ಬಾ ಅಂದ್ಯಲ್ಲ, ಅದೂ ಅದಕ್ಕೇನಾ?"

ತಮ್ಮ ತಲೆ ತಗ್ಗಿಸಿದ. ಭಟ್ಟಿ ಶುಕ್ರವಾರವೇ ಒಡೆದಾಗಿತ್ತು. ಇಟ್ಟಿಗೆಗಳನ್ನೂ ಸಾಗಿಸಿಯಾಗಿತ್ತು. ಇದನ್ನು ಅವನ ಹೆಂಡತಿ ಹೇಳಿದಳು, ಮೆತ್ತಗೆ, ಕಾಯಿಲೆಯವರಿಗೆ ಹೇಳುವ ಹಾಗೆ.

ಅವರು ಹೋದ ಮೇಲೆ ದೊಡ್ಡ ಯಜಮಾನ ಹೆಂಡತಿಯ ಮೇಲೆ ಹರಿಹಾಯ್ದ. "ವಾಸನೆ ಬಂದಾಗ್ಲೇ ಹೇಳೋಕೇನಾಗಿತ್ತು? ಎಲ್ಲರೂ ಸೇರಿ ನನ್ನ ಮೂಗಿಗೆ ತುಪ್ಪ ಸವರಿದ್ರಲ್ಲ."

ಹೆಂಡತಿ ಟ್ರೇಯನ್ನು ಕಸದ ಬುಟ್ಟಿಗೆ ಬಗ್ಗಿಸುತ್ತಿದ್ದಳು. "ಮೊದಲು ಸುಳ್ಳು ಹೇಳಿದ್ದು ಯಾರು? ಮೂಗು ಬಂತು ಅಂತ ನೀವೇ ತಾನೇ ಹೇಳಿದ್ದು? ಬಂದಿಲ್ಲ ಅಂತ ನಾನು ನಿಮ್ಮ ಮುಖಕ್ಕೆ ಹೇಗೆ ಹೇಳ್ಲಿ? ಶಿಳ್ಳೆ ಹಾಕ್ತಿದ್ರಿ. ನೀವು ಶಿಳ್ಳೆ ಹಾಕಿದ್ದು ಕೇಳಿ ಎಷ್ಟು ಕಾಲ ಆಗಿತ್ತು. ನಿಲ್ಲಿಸೋಕೆ ಬಾಯಿ ಬರಲಿಲ್ಲ."

ಮಗಳು ಅಪ್ಪನ ಪಕ್ಕ ಬಂದು ಕೂತು, "ನಂಗೆ ಗೊತ್ತಿರಲಿಲ್ಲಪ್ಪ" ಅಂದಳು. ಅವನು ಎದ್ದು ಕೋಣೆಗೆ ಹೋದ. ಹೇಳಬೇಕೆಂದರೆ ಆ ಮನೆಯಲ್ಲಿ ಅವತ್ತು ನಿಜ ಹೇಳಿದವಳು ಅವಳೊಬ್ಬಳೇ. ಅವನಿಗೆ ಎಲ್ಲರಿಗಿಂತ ಹೆಚ್ಚು ಸಿಟ್ಟು ಬಂದದ್ದೂ ಅವಳ ಮೇಲೆಯೇ. ಇದು ಸರಿಯಲ್ಲ ಅಂತ ಅವನಿಗೂ ಗೊತ್ತಿತ್ತು. ಗೊತ್ತಿದ್ದರೂ ಸಿಟ್ಟು ಇಳಿಯಲಿಲ್ಲ.

ಮರುದಿನ ಅವನು ಬೇಕರಿಗೆ ಹೋದ. ಭಟ್ಟಿ ಇದ್ದ ಕಡೆ ನೆಲ ಮಾತ್ರ ಕಪ್ಪಗಿತ್ತು. ತಮ್ಮ ಗಲ್ಲಾದ ಪಕ್ಕ ಕುರ್ಚಿ ಹಾಕಿಸಿದ, ಅವನು ಕೂರಲಿಲ್ಲ. ಟೋರ್ಟಿಯಾಗಳನ್ನು ಪ್ಲಾಸ್ಟಿಕ್ ಚೀಲಕ್ಕೆ ಹಾಕಿ ಬಾಯಿ ಅಂಟಿಸುವ ಮೇಜಿನ ಹತ್ತಿರ ಹೋಗಿ ನಿಂತು, "ಇದಕ್ಕೆ ಮೂಗು ಬೇಡ ತಾನೇ" ಅಂದ.

"ಜನ ಏನಂದ್ಕೋತಾರೆ ಅಣ್ಣ?"

"ಜನಕ್ಕೆ ಮೂಗಿದೆ, ಏನಾದ್ರೂ ಅಂದ್ಕೊಳ್ಳಲಿ."

ಅಂದಿನಿಂದ ಅವನದು ಅದೇ ಕೆಲಸ. ಕೆಲಸದವರು ಈಗಲೂ ದೊಡ್ಡ ಯಜಮಾನ್ರೇ ಅನ್ನುತ್ತಾರೆ. ಅನ್ನುವಾಗ ಮುಖ ನೋಡುವುದಿಲ್ಲ. ಅಣ್ಣತಮ್ಮಂದಿರ ನಡುವೆ ಜಗಳವಿಲ್ಲ, ಕೆಲಸಕ್ಕೆ ಬೇಕಾದಷ್ಟು ಮಾತಿದೆ, ಅದಕ್ಕಿಂತ ಹೆಚ್ಚಿಲ್ಲ.

ಒಂದು ಸಂಜೆ ಮಗಳು ನೆಗಡಿಯಾಗಿ ಮಲಗಿದ್ದಳು. ಹೆಂಡತಿ ಹೊಲಿದ ಬಟ್ಟೆ ಕೊಟ್ಟುಬರಲು ಹೋಗಿದ್ದಳು. ಅವನು ಮಗಳಿಗೆ ಟೀ ಮಾಡಿದ. ಹಾಲು ಬೆಳಿಗ್ಗೆಯಿಂದ ಕಟ್ಟೆಯ ಮೇಲೇ ಇತ್ತೆನ್ನುವುದು ಸೋಸಿದ ಮೇಲೆ ನೆನಪಾಯಿತು. ಒಡೆದಿರಲಿಲ್ಲ, ನೋಡಲು ಸರಿಯಾಗಿಯೇ ಇತ್ತು. ಲೋಟ ಕೊಟ್ಟು ಎದುರಿಗೆ ಕೂತ.

ಅವಳು ಒಂದು ಗುಟುಕು ಕುಡಿದು, ತಡೆಯದೆ ಇನ್ನೊಂದು ಕುಡಿದು, ಪೂರ್ತಿ ಮುಗಿಸಿದಳು.

"ಹೇಗಿದೆ?"

"ಚೆನ್ನಾಗಿದೆ ಅಪ್ಪ."

ನೆಗಡಿಯಲ್ಲಿ ಅವಳಿಗೂ ತಿಳಿಯಲಿಲ್ಲವೋ, ತಿಳಿದೂ ಕುಡಿದಳೋ, ಅಥವಾ ಟೀ ನಿಜವಾಗಿಯೂ ಚೆನ್ನಾಗಿತ್ತೋ. ಅವನು ಅವಳ ಮುಖವನ್ನು ತುಂಬ ಹೊತ್ತು ನೋಡಿದ. ಅವಳು ನಕ್ಕಳು. ಅವತ್ತು ತಮ್ಮನ ಹೆಂಡತಿ ಮಾತಾಡಿದಂತೆಯೇ ಇತ್ತು ಆ ನಗು, ಮೆತ್ತಗೆ. ಅವನು ಖಾಲಿ ಲೋಟ ತೆಗೆದುಕೊಂಡು ಒಳಗೆ ಹೋಗಿ, ಉಳಿದ ಹಾಲನ್ನು ಸಿಂಕಿಗೆ ಸುರಿದ.