ಅಣ್ಣನ ಮನೆಯ ಕಾಫಿ

ಹಾಲು ಬೇಡ, ಗೋಧಿ ಬೇಡ, ನೀರುಳ್ಳಿ ಬೇಡ, ಕಾಫಿಯಂತೂ ಬೇಡವೇ ಬೇಡ ಎಂದಿದ್ದರು ಪುತ್ತೂರಿನ ಡಾಕ್ಟರು. ಇನ್ನು ಗಾಳಿ ಕುಡಿದು ಬದುಕಬೇಕಾ ಎಂದು ಕೇಳೋಣ ಅನಿಸಿತ್ತು. ಮಗಳು ಸಮನ್ವಿತಾಳ ಮದುವೆಗೆ ಮನೆ ಮನೆಗೆ ಹೋಗಿ ಹೇಳಿಕೆ ಕೊಡುವ ಸಮಯದಲ್ಲೇ ಈ ಪಥ್ಯ. ನಮ್ಮಲ್ಲಿ ಹೇಳಿಕೆಗೆ ಹೋದವರು ಕಾಫಿ ಕುಡಿಯದೆ ಎದ್ದರೆ ಮನೆಯವರಿಗೆ ಬೇಜಾರು.

ಬೆಳ್ಳಾರೆಯ ಮನೆಗಳಲ್ಲಿ ಹೊಟ್ಟೆಯ ಕಥೆ ಹೇಳಿ ಹೇಗೋ ಪಾರಾದೆ. ಪೆರಾಬೆಯ ಅಣ್ಣನ ಮನೆಯಲ್ಲಿ ಅದು ನಡೆಯುವಂತಿರಲಿಲ್ಲ. ಎರಡು ವರ್ಷದ ಹಿಂದೆ, ಅಪ್ಪ ನನಗೆ ಕೊಟ್ಟ ತುಂಡು ತೋಟದ ದಾರಿಯ ವಿಷಯಕ್ಕೆ ಅಣ್ಣನಿಗೂ ನನ್ನ ಗಂಡನಿಗೂ ಮಾತಿಗೆ ಮಾತು ಬೆಳೆದು, ಅಣ್ಣ ನಮ್ಮ ಮನೆಯ ಕಾಫಿ ಮುಟ್ಟದೆ ಎದ್ದು ಹೋಗಿದ್ದ. ಆಮೇಲೆ ಮಾತಿಲ್ಲ. ಈಗ ನಾನು ಬೇಡ ಎಂದರೆ ಸೇಡು ತೀರಿಸಿದ ಹಾಗೆ. ಸೋದರಮಾವ ಬಾರದಿದ್ದರೆ ಮದುಮಗಳನ್ನು ಮಂಟಪಕ್ಕೆ ಕರೆತರುವವರು ಯಾರು?

ಕಾರಿನಲ್ಲಿ ಸೆರಗು ತಿರುಚಿ ತಿರುಚಿ ಸುಕ್ಕಾಯಿತು.

"ನಾನು ಕುಡಿದೇ ಕುಡೀತೇನೆ. ಆದದ್ದಾಗ್ಲಿ."

"ಮತ್ತೆ ಹೊಟ್ಟೆ ಹಿಡ್ಕೊಂಡು ನನ್ನನ್ನು ಕರೀಬೇಡ ಮಾರಾಯ್ತಿ," ಎಂದರು ಇವರು.

ಅಣ್ಣ "ಬಂದ್ರಾ" ಎಂದಷ್ಟೇ ಹೇಳಿ ಜಗಲಿಯಲ್ಲಿ ಕೂತ. ಅತ್ತಿಗೆ ಬೆಲ್ಲ, ನೀರು ತಂದಿಟ್ಟು ಒಳಗೆ ಹೋದರು. ಕಾಫಿಯ ಪರಿಮಳ ಬಂತು. ನನಗೆ ಕೂತಲ್ಲಿ ಕೂರಲಾಗಲಿಲ್ಲ. ಆಮಂತ್ರಣ ಪತ್ರಿಕೆಯನ್ನು ಚೀಲದಿಂದ ತೆಗೆದೆ, ಮತ್ತೆ ಒಳಗಿಟ್ಟೆ.

ತಟ್ಟೆ ಬಂತು. ಇವರಿಗೆ ಕಾಫಿ, ಅಣ್ಣನಿಗೆ ಕಾಫಿ, ನನ್ನ ಮುಂದೆ ಜೀರಿಗೆ ಕಷಾಯ. ಅದೂ ಹಾಲಿಲ್ಲದ್ದು.

ತವರಿನಲ್ಲಿ ಒಂದು ಲೋಟ ಕಾಫಿಗೂ ಬೇಡವಾದೆನಾ! ಅಳು ಬಂತು, ಸಿಟ್ಟೂ ಬಂತು. ಇವರ ಮುಂದಿದ್ದ ಲೋಟವನ್ನೇ ಎತ್ತಿಕೊಂಡೆ.

"ಇಡು ಕೆಳಗೆ!" ಅಣ್ಣ ಗದರಿದ. "ಬೆಳ್ಳಾರೆಯಿಂದ ಫೋನ್ ಬಂದಿತ್ತು. ನಿಂಗೆ ಕಾಫಿ, ಹಾಲು ಎಂತದೂ ಆಗುದಿಲ್ಲಂತೆ."

"ಇಲ್ಲಿ ಆಗ್ತದೆ. ನಾನು ಕುಡಿಯದಿದ್ರೆ ನೀನು ಮದುವೆಗೆ ಬರುದಿಲ್ಲ."

ಅಣ್ಣ ಎದ್ದು ಬಂದು ಲೋಟ ಕಿತ್ತುಕೊಂಡ. ಅದನ್ನು ಇವರ ಕೈಗೇ ಕೊಟ್ಟ.

"ಕುಡೀರಿ ಭಾವ, ತಣ್ಣಗಾಗ್ತದೆ."

ಮತ್ತೆ ನನ್ನ ಕಡೆ ತಿರುಗಿದ. "ಅವತ್ತು ನಿನ್ನ ಮನೆಯಲ್ಲಿ ಬಿಟ್ಟು ಬಂದ ಕಾಫಿ ಉಂಟಲ್ಲ, ಅದನ್ನು ಮದುವೆ ದಿನ ಬೆಳಿಗ್ಗೆಯೇ ಬಂದು ಕುಡೀತೇನೆ. ಮಾಡಿ ಇಡು."

ಕಷಾಯ ಇನ್ನೂ ಬಿಸಿಯಿತ್ತು. ನಾಲಿಗೆ ಸುಟ್ಟರೂ ನಿಲ್ಲಿಸದೆ ಕುಡಿದೆ.